ಗಂಟಲ ಗುಟ್ಟು

ಸೋತವರು ಸಾಯಲೇಬೇಕಾದ ಆ ವಿದೇಶಿ ಧಾರಾವಾಹಿಯಲ್ಲಿ ಹೆಂಗಸರಿಗೆಲ್ಲ ಕನ್ನಡದ ದನಿ ಕೊಡುತ್ತಿದ್ದವಳು ವಿಶಾಲಮ್ಮನ ಸೊಸೆ ಚಂದ್ರಿಕಾ. ಮುಂದೇನಾಗುತ್ತದೆ ಎಂದು ಅವಳು ಬಾಯಿ ಬಿಡುವವಳಲ್ಲ. ಆದರೆ ಯಾರಾದರೊಬ್ಬಳು ಸಾಯುವ ದೃಶ್ಯವಿದ್ದರೆ ಸ್ಟುಡಿಯೋದಲ್ಲಿ ಕಿರುಚಿ ಕಿರುಚಿ ಗಂಟಲು ಕಟ್ಟಿಸಿಕೊಂಡು ಬರುತ್ತಿದ್ದಳು. ವಿಶಾಲಮ್ಮ ಅವಳಿಗೆ ಮೆಣಸಿನ ಕಷಾಯ ಕೊಟ್ಟು, ಸೀದಾ ಪಕ್ಕದ ಮನೆಗೆ ಹೋಗಿ, "ಈ ವಾರ ಹೆಂಗಸೇ ಸಾಯೋದು" ಎಂದು ಹೇಳಿಬರುತ್ತಿದ್ದರು. ಒಂದು ಸಲವೂ ತಪ್ಪಿರಲಿಲ್ಲ.

"ಯಾರೋ ಕಥೆ ಮೊದಲೇ ಹೊರಗೆ ಬಿಡ್ತಿದಾರಂತೆ ಅತ್ತೆ. ಸ್ಟುಡಿಯೋದಲ್ಲಿ ನನ್ನನ್ನ ತರಾಟೆಗೆ ತಗೊಂಡರು."

"ಜನಕ್ಕೆ ಬೇರೆ ಕೆಲಸ ಇಲ್ಲ ಬಿಡು" ಎಂದು ವಿಶಾಲಮ್ಮ ಮೆಣಸು ಕುಟ್ಟಿದರು.

ಕೊನೆಗೆ ಉಳಿದವರು ಇಬ್ಬರೇ, ಒಬ್ಬ ಡ್ರೈವರು, ಒಬ್ಬಳು ನರ್ಸು.

"ಯಾರು ಗೆಲ್ತಾರೆ? ನನ್ನ ಕಿವೀಲಾದ್ರೂ ಹೇಳೇ."

ಚಂದ್ರಿಕಾ ಕೊರಳಿಗೆ ಮಫ್ಲರು ಸುತ್ತಿಕೊಂಡು, ಗೊಗ್ಗರು ದನಿಯಲ್ಲಿ, "ಹೇಳೋ ಹಾಗಿಲ್ಲ ಅತ್ತೆ. ಒಂದು ಲೋಟ ಕಷಾಯ ಕೊಡಿ" ಎಂದಳು.

ವಿಶಾಲಮ್ಮನಿಗೆ ಅಷ್ಟೇ ಸಾಕಾಯಿತು. "ಡ್ರೈವರೇ ಗೆಲ್ಲೋದು. ತಪ್ಪಿದರೆ ಇಡೀ ಬಿಲ್ಡಿಂಗಿಗೆ ನಾನು ಒಬ್ಬಟ್ಟು ಮಾಡಿ ಹಾಕ್ತೀನಿ" ಎಂದು ಮೂರು ಮಹಡಿಗೂ ಸಾರಿಬಂದರು.

ಕೊನೆಯ ಕಂತಿನ ಸಂಜೆ ನೆರೆಯವರೆಲ್ಲ ಅವರ ಹಾಲಿನಲ್ಲೇ ಜಮಾಯಿಸಿದರು. ಟಿವಿಯಲ್ಲಿ ನರ್ಸು ಡ್ರೈವರನ್ನು ಸೇತುವೆಯಿಂದ ಕೆಳಕ್ಕೆ ತಳ್ಳಿ, ಕೈ ಕೊಡವಿಕೊಂಡು ನಕ್ಕಳು. ಹಾಲಿನಲ್ಲಿದ್ದವರೆಲ್ಲ ವಿಶಾಲಮ್ಮನ ಕಡೆಗೆ ತಿರುಗಿದರು.

ಅಡುಗೆಮನೆಯಿಂದ ಗಂಟೆ ಬಾರಿಸಿದಂಥ ದನಿ ಕೇಳಿಸಿತು.

"ಅತ್ತೆ, ಒಬ್ಬಟ್ಟಿಗೆ ಎಷ್ಟು ಬೇಳೆ ಬೇಯೋಕೆ ಇಡಲಿ?"