ಬತ್ತಾಸಿನ ಬಲಗಣ್ಣು

ಸರ್ವಮಂಗಳಾಳ ಮನೆ ಎಂದರೆ ಕನ್ನಡಿ… ನೆಲದಲ್ಲಿ ಮುಖ ನೋಡಿಕೊಳ್ಳಬಹುದು.

"ನಿನ್ನ ಮನೆಗೆ ನೊಣಾನೂ ಕಾಲು ತೊಳ್ಕೊಂಡೇ ಬರ್ಬೇಕು ಬಿಡು," ಎಂದು ಗಂಡ ರೇಗಿಸುತ್ತಿದ್ದ.

ಅಂಥ ಮನೆಗೆ ಮಗಳು ಚಿನ್ಮಯಿ ಹಟ ಮಾಡಿ ಒಂದು ಬಿಳಿ ಮೊಲ ತಂದಳು. ಹೆಸರು ಬತ್ತಾಸು.

ಗೂಡು ಹಿಂಬದಿಯ ಬಾಲ್ಕನಿಗೆ ಹೋಯಿತು. ಹಿಕ್ಕೆ, ಉಚ್ಚೆ, ಉದುರುವ ಕೂದಲು… ಯಾವುದೂ ಒಳಗೆ ಬರಕೂಡದು ಎಂದಳು ಸರ್ವಮಂಗಳಾ.

ಮೊಲವನ್ನು ಮುಟ್ಟಲು ಅಸಹ್ಯ. ಹಾಗಾಗಿ ದಿನಾ ಬೆಳಿಗ್ಗೆ ಸೆರಗಿನಿಂದ ಮೂಗು ಮುಚ್ಚಿಕೊಂಡು, ಮೊಲ ಒಳಗಿರುವಾಗಲೇ ಗೂಡಿನ ತಳದ ತಟ್ಟೆಗೆ ಫಿನಾಯಿಲ್ ಸುರಿದು ಗೂಡಿಗೆ ಚಿಲಕ ಹಾಕುತ್ತಿದ್ದಳು.

ಕ್ಲೀನ್ ಆಯಿತಲ್ಲ… ಅಷ್ಟೇ ಸಮಾಧಾನ.

ಒಂದು ದಿನ ಬತ್ತಾಸಿನ ಬಲಗಣ್ಣು ಕೆಂಪಾಯಿತು. ಆಮೇಲೆ ನೀರು. ಆಮೇಲೆ ಹಳದಿ ಕೀವು… ರೆಪ್ಪೆಗಳು ಅಂಟಿಕೊಂಡು, ಕೆನ್ನೆಯ ಕೂದಲೆಲ್ಲ ಜಿಡ್ಡು ಜಿಡ್ಡು.

"ಥೂ! ಊಟ ಮಾಡೋ ಮನೇಲಿ ಇದೇನೇ ಹೇಸಿಗೆ? ಯಾರಿಗಾದ್ರೂ ಕೊಟ್ಟು ಬಾ!"

"ಕಣ್ಣು ಹೋಗ್ತಿರೋ ಮೊಲಾನ ಯಾರಮ್ಮಾ ತಗೋತಾರೆ?" ಚಿನ್ಮಯಿ ಬಿಕ್ಕಿದಳು. "ಒಂದೇ ಒಂದ್ ಸಲ ಡಾಕ್ಟರ್ ಹತ್ರ ಹೋಗೋಣ… ಪ್ಲೀಸ್."

ಪಶುವೈದ್ಯೆ ಕಣ್ಣಿಗೆ ಲೈಟ್ ಬಿಟ್ಟು ನೋಡಿದರು.

"ಗೂಡು ಹೇಗೆ ತೊಳೀತೀರಿ?"

"ಒಂದ್ ದಿನಾನೂ ತಪ್ಪಿಸಲ್ಲ ಡಾಕ್ಟ್ರೇ! ಫಿನಾಯಿಲ್ ಹಾಕ್ತೀನಿ," ಎಂದಳು ಸರ್ವಮಂಗಳಾ, ಹೆಮ್ಮೆಯಿಂದ.

"ಮೊಲ ಒಳಗಿದ್ದಾಗ್ಲೇನಾ?"

"…ಹೂಂ."

"ಉಚ್ಚೆ ಘಾಟು, ಅದರ ಮೇಲೆ ಫಿನಾಯಿಲ್ ಘಾಟು. ಕಣ್ಣುಗುಡ್ಡೆ ಮೇಲೆ ಹುಣ್ಣಾಗಿದೆ. ನೋವಾದ್ರೆ ಮೊಲ ನಾಯಿ ಥರ ಕೂಗಲ್ಲಮ್ಮ… ಸುಮ್ನೆ ಮೂಲೇಲಿ ಕೂತ್ಕೊಳ್ಳುತ್ತೆ. ಡ್ರಾಪ್ಸ್ ಕೊಡ್ತೀನಿ, ಆದ್ರೆ ಕಣ್ಣು ಉಳಿಯುತ್ತೆ ಅಂತ ಗ್ಯಾರಂಟಿ ಕೊಡಲ್ಲ."

ಬಾಗಿಲ ತನಕ ಬಂದು ಮೆಲ್ಲಗೆ ಹೇಳಿದರು… "ಮನೆಗೆ ಹೋಗಿ, ಅದು ಕೂರೋ ಜಾಗದಲ್ಲಿ ಮುಖ ಇಟ್ಟು ಒಂದ್ಸಲ ಉಸಿರೆಳೀರಿ."

ಮನೆಗೆ ಬಂದವಳೇ ಸರ್ವಮಂಗಳಾ ಮಂಡಿಯೂರಿ, ಖಾಲಿ ಗೂಡಿನೊಳಗೆ ತಲೆ ಹಾಕಿದಳು.

ನಿಂತಾಗ ಬರೀ ಫಿನಾಯಿಲ್ ವಾಸನೆ. ಇಲ್ಲಿ, ಅಂಗೈಯಷ್ಟು ಎತ್ತರದಲ್ಲಿ… ಬೆಂಕಿ!

ಕೆಮ್ಮು ಒತ್ತರಿಸಿ ಬಂತು. ಎರಡೂ ಕಣ್ಣು ಧಗಧಗ ಉರಿದು ನೀರು ಸುರಿಯತೊಡಗಿತು.

ಅವಳು ಹೊರಗೆ ತಲೆ ತೆಗೆಯಬಹುದಿತ್ತು… ತೆಗೆದಳು. ಆದರೆ ಆ ಜೀವಕ್ಕೆ ಕಂಬಿ ಇತ್ತು. ಹೊರಗಿನಿಂದ ಚಿಲಕ ಹಾಕುತ್ತಿದ್ದವಳು ಅವಳೇ.

ಅಂದೇ ಹಳೆಯ ತಟ್ಟೆ ಹೊರಗೆ ಹೋಯಿತು. ಒಣ ಹುಲ್ಲು ಬಂತು. ಬತ್ತಾಸು ಗಾಳಿಯಾಡುವ ನಡುಮನೆಗೆ ಬಂತು.

ನೀರು ಕಾಯಿಸಿ ಆರಿಸಿ, ಹತ್ತಿ ಅದ್ದಿ, ಗಟ್ಟಿಯಾದ ಕೀವನ್ನು ಅವಳೇ ಬಿಡಿಸಿದಳು. ಬೆರಳಿಗೆ ಅಂಟಿತು… ಕೈ ಹಿಂದೆಗೆಯಲಿಲ್ಲ.

ವಾರಗಳ ಮೇಲೆ ಕಣ್ಣು ತೆರೆಯಿತು. ನಡುವೆ ಬಿಳಿ ಚುಕ್ಕೆಯೊಂದು ಉಳಿದೇ ಹೋಯಿತು. ಅರ್ಧ ದೃಷ್ಟಿ ಬಂದರೆ ಪುಣ್ಯ ಎಂದರು ಡಾಕ್ಟರ್.

ಮಡಿಲಲ್ಲಿ ಮೊಲ ಇಟ್ಟುಕೊಂಡು ಡ್ರಾಪ್ಸ್ ಹಾಕುತ್ತಿದ್ದ ಅಮ್ಮನನ್ನು ಚಿನ್ಮಯಿ ಕೇಳಿದಳು… "ಅಮ್ಮಾ, ಈಗ ನಿಂಗೆ ಅಸಹ್ಯ ಆಗಲ್ವಾ?"

"ಆಗುತ್ತೆ ಕಂದಾ…" ಅವಳ ದನಿ ಒಡೆಯಿತು. "ಇದರ ಮೇಲಲ್ಲ."

ದೂರ ನಿಂತು ನೋಡಿದರೆ ಹೇಸಿಗೆ ಕಾಣುತ್ತದೆ… ಬಗ್ಗಿ ನೋಡಿದರೆ ನೋವು ಕಾಣುತ್ತದೆ.

ನಿಮ್ಮ ಮನೆಯಲ್ಲೂ ಕೂಗದೆ ಮೂಲೆಯಲ್ಲಿ ಕೂತ ಜೀವ ಒಂದಿರಬಹುದು… ಅದರ ಎತ್ತರಕ್ಕೆ ನೀವು ಎಂದಾದರೂ ಬಗ್ಗಿದ್ದೀರಾ?