ಉಸಿರಿನ ಪಾಳಿ

"ಇವತ್ತರ ಇಬ್ಬನಿ ಬೀಳಬಾರದಿತ್ತೇನು?" ಎಂದು ಪಾರವ್ವ ಯಾರನ್ನೂ ನೋಡದೆ ಕೇಳಿದಳು.

ಇಬ್ಬನಿ ನಿಂತು ಹನ್ನೊಂದು ವರ್ಷವಾಗಿತ್ತು. ಕಬ್ಬಿಣದ ಕಲ್ಲಿನ ಬಿರುಕಿನಲ್ಲಿ ಉಳಿದಿದ್ದ ಕೊನೆಯ ಜರಿಗಿಡ ಈಗ ಊರವರ ಉಸಿರಿನ ತೇವದಲ್ಲೇ ಬದುಕಿತ್ತು. ದಿನಕ್ಕೊಂದು ಮನೆಯ ಪಾಳಿ. ಉಸಿರು ಉದ್ದ ಬರಲೆಂದು ಷಟ್ಪದಿ ಹೇಳುವುದು ರೂಢಿ. ಒಂದು ದಿನ ತಪ್ಪಿದರೂ ಗಿಡ ಒಣಗುತ್ತದೆ. ಇವತ್ತು ಪಾರವ್ವನ ಪಾಳಿ. ನಲವತ್ತನೆಯ ಪದ್ಯಕ್ಕೆ ಅವಳು ಕೆಮ್ಮಿ ಎದೆ ಹಿಡಿದುಕೊಂಡಳು.

ಪಕ್ಕದ ಮನೆಯ ತಿಪ್ಪಕ್ಕ ಬಂದಳು. "ಅತ್ತಿ, ನಾಳೆ ನಮ್ಮ ಪಾಳಿನೂ ನೀವೇ ಮುಗಿಸ್ರಿ. ನನಗ ಒಂದು ಪದ್ಯಾನೂ ಬಾಯಿಗೆ ಹತ್ತೂದಿಲ್ಲ."

"ಹನ್ನೊಂದು ವರ್ಷದಿಂದ ಅದನ್ನೇ ಹೇಳ್ತಿ. ಬೈಗುಳ ಬರ್ತಾವಲ್ಲ, ಅವನ್ನೇ ಉದ್ದಕ್ಕ ಹೇಳು."

"ಗಿಡ ಸತ್ರ ಪಾಪ ನಿಮಗ, ಅತ್ತಿ."

ಪಾರವ್ವ ಎಲೆಯ ಮೇಲಿನ ಕೆಂಪು ಧೂಳನ್ನು ಸೆರಗಿನಿಂದ ಒರೆಸಿ ಎದ್ದಳು. "ನಾಳೆ ನಾ ಬರಂಗಿಲ್ಲ."