ಮೂರು ಗಂಟೆಯ ಕ್ಯಾಸೆಟ್ಟು

ಕಂಪ್ಯೂಟರಿನ ಪರದೆಯ ಕೆಳಗೆ 'ತಿರುಮಲೇಶ ವಿಡಿಯೋ ಲೈಬ್ರರಿ, ಜಯನಗರ' ಎಂಬ ಅಕ್ಷರಗಳು ತೆವಳಿಕೊಂಡು ಹೋದವು. ಅಂಗಡಿ ಮುಚ್ಚಿಯೇ ಏಳು ವರ್ಷವಾಗಿತ್ತು. ಯಾರೋ ಅಲ್ಲಿಯ ಕ್ಯಾಸೆಟ್ಟನ್ನೇ ಇಂಟರ್ನೆಟ್ಟಿಗೆ ಏರಿಸಿದ್ದರು. ಅದರಲ್ಲಿದ್ದ ಹಳೆಯ ಹಿಂದಿ ಚಿತ್ರ ಇನ್ನೆಲ್ಲೂ ಸಿಕ್ಕಿರಲಿಲ್ಲ.

"ರೀ, ನಮ್ಮಂಗಡಿ ಹೆಸ್ರು ನೋಡಿ," ಎಂದು ಸೀತಾಲಕ್ಷ್ಮಿ ಗಂಡನ ಭುಜ ತಟ್ಟಿದರು. "ಇನ್ನೇನು ಉಯ್ಯಾಲೆ ಹಾಡು ಬರುತ್ತೆ. ಮದುವೆಯಾದ ಹೊಸದ್ರಲ್ಲಿ ಕೇಳಿದ್ದು." ಕನ್ನಡಕ ಒರೆಸಿಕೊಂಡು ಕುರ್ಚಿಯನ್ನು ಮುಂದಕ್ಕೆಳೆದುಕೊಂಡರು.

ತಿರುಮಲೇಶರು ಮೌಸಿನತ್ತ ಕೈ ಚಾಚಿ, ಹಾಗೇ ತಡೆದರು. ಚಿತ್ರ ಮೂರು ಗಂಟೆ ಐದು ನಿಮಿಷ, ಕಾಪಿಗೆಂದು ತಂದ ಖಾಲಿ ಕ್ಯಾಸೆಟ್ಟು ಮೂರೇ ಗಂಟೆ. ಗಿರಾಕಿಗಳು ಹೇಗೂ ಹಾಡು ಬಂದರೆ ಮುಂದಕ್ಕೆ ಓಡಿಸಿಬಿಡುತ್ತಾರೆಂದು, ಕಾಪಿ ಮಾಡುವಾಗ ಆ ಉಯ್ಯಾಲೆ ಹಾಡೊಂದನ್ನು ಹಾರಿಸಿದವರು ಅವರೇ. ಮೂಲ ಕ್ಯಾಸೆಟ್ಟಿನ ಮೇಲೆ ಆಮೇಲೆ ಟಿವಿಯ ಕುಸ್ತಿ ರೆಕಾರ್ಡ್ ಮಾಡಿದ್ದರು.

ನಾಯಕಿ ಉಯ್ಯಾಲೆಯ ಹಗ್ಗ ಹಿಡಿದಳು. ಪರದೆ ಒಮ್ಮೆ ನಡುಗಿತು. ರೈಲ್ವೆ ಸ್ಟೇಷನ್ ಬಂತು.

"ಹಾಡೆಲ್ಲಿ ಹೋಯ್ತು? ಯಾವ ಪುಣ್ಯಾತ್ಮ ಕತ್ತರಿಸಿದ್ನೋ," ಎಂದರು ಸೀತಾಲಕ್ಷ್ಮಿ. "ಬೇರೆ ಪ್ರಿಂಟ್ ಹುಡುಕಿ ನೋಡಿ, ಎಲ್ಲಾದ್ರೂ ಇದ್ದೇ ಇರುತ್ತೆ."

"ಹುಡುಕ್ತೀನಿ ಇರು," ಎಂದ ತಿರುಮಲೇಶರು ಮೌಸ್ ಹಿಡಿದು, ಹುಡುಕುವವರ ಹಾಗೆ ಸುಮ್ಮನೆ ಅತ್ತಿತ್ತ ಆಡಿಸತೊಡಗಿದರು.